ಬದನಿಕೆಯೆಂದು ಸೀತಾಳೆಯನ್ನು ಕೀಳದಿರಿ



ಸೀತಾಳೆ ಹೂವೆಂದರೆ ಮಲೆನಾಡಿನದು ಎಂಬ ಭಾವನೆ ಹಲವರಲ್ಲಿದೆ. ಆದರೆ ರಾಯಚರ್ಲು ಹಾಗೂ ಮಧುಗಿರಿ, ಶಿರಾ, ಕೊರಟಗೆರೆ, ಪಾವಗಡ ತಾಲ್ಲೂಕುಗಳಂತಹ ಒಣ ಬಯಲುಸೀಮೆಗೂ ಹೊಂದಿಕೊಳ್ಳುವ ಸೀತಾಳೆಯೊಂದಿದೆ. ಇದರ ಸಸ್ಯಶಾಸ್ತ್ರೀಯ ಹೆಸರು ವಂದಾ ಟೆಸಲೇಟ. ಮಾವು, ಹುಣಸೆ, ಹೊಂಗೆಯಂತಹ ಹಳೆಯ ಮರಗಳ ಕೊಂಬೆಗಳ ಮೇಲೆ ಇದು ಬೆಳೆಯುತ್ತದೆ. ಮರಕ್ಕೆ ಅಂಟಿದ್ದೆಲ್ಲವೂ ಬದನಿಕೆಯೆಂದು ತಿಳಿದು ಇದನ್ನೂ ಕಿತ್ತೆಸೆಯುವುದುಂಟು. ಇದು ತಪ್ಪು.

ಗುರುತಿಸುವುದು ಹೇಗೆ?

ಬದನಿಕೆ ಪರಾವಲಂಬಿ. ಅದರ ಬೇರು ಕೊಂಬೆಯೊಳಕ್ಕೆ ಇಳಿದು ಮರದ ನೀರು, ಲವಣಗಳನ್ನು ಹೀರುತ್ತದೆ. ಅಂಟಿದ ಜಾಗದಲ್ಲಿ ಕೊಂಬೆ ಗಂಟುಗಟ್ಟುತ್ತದೆ. ಬರಬರುತ್ತಾ ಅದರಾಚೆಯ ಭಾಗ ಸೊರಗುತ್ತದೆ. ಕವಲೊಡೆದ ಕಾಂಡ, ಅಗಲವಾದ ಎಲೆಗಳಿಂದ ಅದು ಪೊದೆಯಂತೆ ಕಾಣುತ್ತದೆ.

ವಂದಾ ಹಾಗಲ್ಲ. ಇದು ಅಪ್ಪುಗಿಡ. ಬೆರಳಿನಂತೆ ದಪ್ಪನಾದ, ಬೂದುಬಿಳಿ ಬೇರುಗಳು ತೊಗಟೆಯನ್ನು ಹೊರಗಿನಿಂದ ಹಿಡಿದಿರುತ್ತವೆ, ಇಲ್ಲವೇ ಗಾಳಿಯಲ್ಲಿ ಜೋಲಾಡುತ್ತವೆ. ಎಲೆಗಳು ಪಟ್ಟಿಯಂತೆ ಉದ್ದವಾಗಿ, ದಪ್ಪವಾಗಿ, ನಡುವೆ ಮಡಿಚಿದಂತಿದ್ದು, ಕಾಂಡದ ಎರಡು ಬದಿಗೂ ಸಾಲಾಗಿರುತ್ತವೆ. ಹಳದಿ ಮಿಶ್ರಿತ ಹಸಿರು ಹೂವಿನ ಮೇಲೆ ಕಂದು ಬಣ್ಣದ ಚೌಕುಳಿ ಗೆರೆಗಳಿದ್ದು, ತುಟಿಯಂತಹ ದಳ ನೇರಳೆ ಬಣ್ಣದ್ದಾಗಿರುತ್ತದೆ. ಹೂವಿಗೆ ಒಳ್ಳೆಯ ಪರಿಮಳವಿದೆ.

ಬರದಲ್ಲಿ ಬದುಕುವ ಬಗೆ

ಬೇರಿನ ಮೇಲಿನ ಬಿಳಿ ಪದರ ಮಳೆ ಬಿದ್ದೊಡನೆ ನೀರನ್ನು ಹೀರಿಟ್ಟುಕೊಳ್ಳುತ್ತದೆ. ಬದುವಿನ ಕತ್ತಾಳೆಯಂತೆಯೇ ವಂದಾ ಕೂಡ ಹಗಲಿನ ಬಿಸಿಲಿನಲ್ಲಿ ಎಲೆಯ ರಂಧ್ರಗಳನ್ನು ಮುಚ್ಚಿ, ಇರುಳಿನಲ್ಲಿ ತೆರೆದು ಇಂಗಾಲದ ಡೈಆಕ್ಸೈಡನ್ನು ಒಳಗೆ ತೆಗೆದುಕೊಳ್ಳುತ್ತದೆ. ಇದರಿಂದ ಎಲೆಯ ನೀರು ಉಳಿಯುತ್ತದೆ.

ಆದರೆ ಇದರ ವಂಶಾಭಿವೃದ್ಧಿ ಸುಲಭವಲ್ಲ. ಒಂದು ಕಾಯಿಯಲ್ಲಿ ಸಾವಿರಾರು ಬೀಜಗಳಿದ್ದರೂ ಅವು ಧೂಳಿನಷ್ಟು ಸಣ್ಣವು. ಮೊಳೆಯಲು ಬೇಕಾದ ಆಹಾರ ಬೀಜದಲ್ಲಿ ಇರುವುದಿಲ್ಲ. ತಕ್ಕ ಶಿಲೀಂಧ್ರದ ನೆರವು ಸಿಕ್ಕಿದ ಕೆಲವೇ ಬೀಜಗಳು ಸಸಿಯಾಗಿ, ಹಲವು ವರ್ಷಗಳ ನಂತರ ಹೂ ಬಿಡುತ್ತವೆ. ಗಳಿಗೆಯಲ್ಲಿ ಕಿತ್ತ ಗಿಡದ ಜಾಗ ತುಂಬಲು ಬಹುಕಾಲ ಬೇಕು.

ನೀವು ಮಾಡಬೇಕಾದುದು

1. ಬದನಿಕೆಯನ್ನು ಹಣ್ಣಾಗುವ ಮೊದಲೇ ತೆಗೆಯಿರಿ. ಹಕ್ಕಿಗಳು ಅದರ ಅಂಟುಬೀಜವನ್ನು ಬೇರೆ ಕೊಂಬೆಗಳಿಗೆ ಹರಡುತ್ತವೆ. ಬರಿಯ ಸೊಪ್ಪು ಸವರಿದರೆ ಮತ್ತೆ ಚಿಗುರುತ್ತದೆ. ಗಂಟಿಗಿಂತ ಹಿಂದಕ್ಕೆ, ಬೊಡ್ಡೆಯ ಕಡೆಗೆ, ಕೊಂಬೆಯನ್ನೇ ಕತ್ತರಿಸಬೇಕು.

2. ಕತ್ತಿ ಎತ್ತುವ ಮೊದಲು ಬೇರನ್ನು ನೋಡಿ. ಬಿಳಿ ಬೇರು ತೊಗಟೆಯ ಮೇಲೆಯೇ ಇದ್ದರೆ ಬಿಟ್ಟುಬಿಡಿ. ಅದರಿಂದ ನಿಮ್ಮ ಮಾವಿನ ಫಸಲಿಗೆ ನಷ್ಟವಿಲ್ಲ.

3. ಮರವನ್ನೇ ಕಡಿಯಬೇಕಾಗಿ ಬಂದರೆ, ವಂದಾ ಗಿಡವನ್ನು ತೊಗಟೆಯ ತುಂಡಿನೊಡನೆ ಬಿಡಿಸಿ, ಮಳೆಗಾಲದಲ್ಲಿ ಒರಟು ತೊಗಟೆಯ ಬೇರೊಂದು ಮರಕ್ಕೆ ತೆಂಗಿನ ನಾರಿನ ಹುರಿಯಿಂದ ಕಟ್ಟಿ. ಮಣ್ಣಿನಲ್ಲಿ ನೆಟ್ಟರೆ ಬೇರು ಕೊಳೆಯುತ್ತದೆ.

ಹೊಲದ ಶತ್ರು ಯಾವುದು, ನೆಂಟ ಯಾವುದು ಎಂದು ತಿಳಿದು ಕತ್ತಿಯೆತ್ತುವುದೇ ಜಾಣತನ.