ತೋಟದ ಮನೆ ಕಂಪ್ಯೂಟರಿಗೆ ದೂರದಿಂದಲೇ ರಿಪೇರಿ

ಅಡಿಕೆ, ಕಾಳುಮೆಣಸಿನ ಲೆಕ್ಕವನ್ನೆಲ್ಲ ಕಂಪ್ಯೂಟರಿಗೆ ಹಾಕುವವ ನಾನು. ಏನಾದರೂ ಎಡವಟ್ಟಾದರೆ ಬೆಂಗಳೂರಿನಲ್ಲಿರುವ ಮಗಳಿಗೆ ಫೋನು. "ಅಪ್ಪ, ಮೇಲೆ ಬಲಗಡೆ ಒಂದು ಗುಂಡಿ ಉಂಟಲ್ಲ, ಅದನ್ನು ಒತ್ತಿ" ಅನ್ನುತ್ತಾಳೆ. ನನ್ನ ಪರದೆಯಲ್ಲಿ ಆ ಗುಂಡಿಯೇ ಇರುವುದಿಲ್ಲ! ಅರ್ಧ ಗಂಟೆ ಕಳೆದು ಇಬ್ಬರಿಗೂ ಸಿಟ್ಟು.

ಕಳೆದ ಸಲ ಊರಿಗೆ ಬಂದಾಗ ಅವಳು ರಸ್ಟ್‌ಡೆಸ್ಕ್ ಎಂಬ ತಂತ್ರಾಂಶ ಹಾಕಿ ಹೋದಳು. ಉಚಿತ. ವಿಂಡೋಸ್, ಲಿನಕ್ಸ್, ಮ್ಯಾಕ್, ಆಂಡ್ರಾಯ್ಡ್ ಎಲ್ಲದರಲ್ಲೂ ನಡೆಯುತ್ತದೆ. ನನ್ನದು ವಿಂಡೋಸ್, ಅವಳದು ಲಿನಕ್ಸ್. ತೊಂದರೆಯಾಗಿಲ್ಲ. ಉಪಾಯ ಹೊಸತೇನಲ್ಲ. ಇಂಗ್ಲೆಂಡಿನ ಕೇಂಬ್ರಿಡ್ಜಿನ ಪ್ರಯೋಗಾಲಯವೊಂದರಲ್ಲಿ ಹುಟ್ಟಿದ ವಿಎನ್‌ಸಿ 1998ರಲ್ಲೇ ಹೊರಬಂದಿತ್ತು.

ಎರಡೂ ಕಡೆ ತಂತ್ರಾಂಶ ಇರಬೇಕು. ತೆರೆದರೆ ನಿಮ್ಮ ಕಂಪ್ಯೂಟರಿನ ಒಂದು ನಂಬರು, ಕೆಳಗೆ ತಾತ್ಕಾಲಿಕ ಪಾಸ್‌ವರ್ಡು ಕಾಣುತ್ತದೆ. ಇವೆರಡನ್ನು ಫೋನಿನಲ್ಲಿ ಹೇಳಿದರಾಯಿತು. ಆಚೆಯವರು ಅದನ್ನು ಹಾಕಿದ ಕೂಡಲೇ ನಮ್ಮ ಪರದೆಯ ಚಿತ್ರ ಅಲ್ಲಿ ಮೂಡುತ್ತದೆ. ಅವರ ಮೌಸು ಆಡಿದಂತೆ ನಮ್ಮ ಬಾಣ ಓಡುತ್ತದೆ. ಮೊದಲ ಸಲ ಇದನ್ನು ಕಂಡು ನಮ್ಮ ಮನೆಯವಳು ಹೆದರಿ ಸ್ವಿಚ್ಚು ತೆಗೆಯಲು ಹೊರಟಿದ್ದಳು!

ವಿಂಡೋಸಿನಲ್ಲಿ ಕಡತವನ್ನು ಹಾಗೇ ತೆರೆದು ಬಿಡಬೇಡಿ, ಇನ್‌ಸ್ಟಾಲ್ ಮಾಡಿ. ಇಲ್ಲದಿದ್ದರೆ ಅನುಮತಿ ಕೇಳುವ ಕಿಟಕಿ ಎದ್ದಾಗ ಆಚೆಯವರ ಕೈ ಕಟ್ಟಿದ ಹಾಗೆ. ಹಳ್ಳಿಯ ನೆಟ್ಟಿಗೆ ಚಿತ್ರ ಎಳೆದಾಡುವುದು ಇದ್ದದ್ದೇ. ನೋಡುವವರು ಚಿತ್ರದ ಗುಣಮಟ್ಟ ಇಳಿಸಿಕೊಂಡರೆ ಸ್ವಲ್ಪ ಚುರುಕಾಗುತ್ತದೆ. ಕಂಪ್ಯೂಟರು ನಿದ್ದೆಗೆ ಹೋದರೆ ಸಂಪರ್ಕ ಸಿಗದು. ಕೆಲಸ ಮುಗಿಯುವ ತನಕ ಸ್ಲೀಪ್ ಬೇಡ.

ಇನ್ನು ಮುಖ್ಯ ವಿಷಯ. ನಂಬರು, ಪಾಸ್‌ವರ್ಡು ಕೊಡುವುದೆಂದರೆ ಮನೆಯ ಕೀಲಿಕೈ ಕೊಟ್ಟಂತೆ. ನಮ್ಮ ನೆರೆಕರೆಯ ಒಬ್ಬರಿಗೆ "ಬ್ಯಾಂಕಿನಿಂದ ಮಾತಾಡುವುದು, ಖಾತೆ ನಿಂತುಹೋಗ್ತದೆ, ಈ ಆ್ಯಪ್ ಹಾಕಿ" ಎಂದು ಫೋನು ಬಂತು. ಪುಣ್ಯಕ್ಕೆ ಅವರು ನನ್ನಲ್ಲಿ ಕೇಳಿದರು. ಹಾಕಿದ್ದರೆ ಮೊಬೈಲಿಗೆ ಬರುವ ಓಟಿಪಿಯನ್ನೂ ಕಳ್ಳ ಅಲ್ಲಿಂದಲೇ ಓದುತ್ತಿದ್ದ. ಇಂಥ ಆ್ಯಪ್‌ಗಳ ದುರ್ಬಳಕೆ ಬಗ್ಗೆ ರಿಸರ್ವ್ ಬ್ಯಾಂಕು 2019ರಲ್ಲೇ ಎಚ್ಚರಿಸಿತ್ತು. ನಾನು ಇಟ್ಟುಕೊಂಡ ಲೆಕ್ಕ ಇಷ್ಟೇ: ಫೋನು ನಾನು ಮಾಡಿದ್ದಾದರೆ ಕೊಡುತ್ತೇನೆ, ಅವರಾಗಿ ಮಾಡಿದ್ದಾದರೆ ಇಲ್ಲ. ಮಗಳು ನೋಡುತ್ತಿರುವಾಗಲೂ ಬ್ಯಾಂಕಿನ ಪುಟ ತೆರೆಯುವುದಿಲ್ಲ.

ಯಾರಾದರೂ ಒಳಹೊಕ್ಕ ಅನುಮಾನ ಬಂದರೆ ಮೊದಲು ನೆಟ್ ತೆಗೆಯಿರಿ. ದುಡ್ಡು ಹೋಗಿದ್ದರೆ ತಡಮಾಡದೆ 1930ಕ್ಕೆ ಫೋನು ಮಾಡಿ, ಬ್ಯಾಂಕಿಗೂ ತಿಳಿಸಿ.

ಮೊನ್ನೆ ಕಾಳುಮೆಣಸಿನ ಲೆಕ್ಕದ ಕೂಡಿಕೆ ತಪ್ಪಿತ್ತು. ಮಗಳು ಬಸ್ಸಿನಲ್ಲಿದ್ದವಳು ಮೊಬೈಲಿನಿಂದಲೇ ನೋಡಿ ಐದು ನಿಮಿಷದಲ್ಲಿ ಸರಿ ಮಾಡಿದಳು. ಎರಡು ಸಾಲು ನಾನೇ ಎರಡು ಸಲ ಬರೆದಿದ್ದೆ.