ಭತ್ತ ಬೆಳೆದ ಚಿತ್ರನಿರ್ದೇಶಕ

ನಿತ್ಯವೂ ಅನ್ನ ಉಣ್ಣುವ ನಮ್ಮಲ್ಲಿ ಭತ್ತದ ಹೂವನ್ನು ಕಂಡವರೆಷ್ಟು ಮಂದಿ? ತೆನೆ ಹೊರಬಿದ್ದ ಮೇಲೆ ಒಂದೊಂದು ಹೂವೂ ಒಂದೆರಡು ತಾಸು ಮಾತ್ರ ತೆರೆದಿದ್ದು ಮತ್ತೆ ಮುಚ್ಚಿಕೊಳ್ಳುತ್ತದೆ. ಅದನ್ನು ತೆರೆಯ ಮೇಲೆ ತೋರಿಸಿದವರು ಜಪಾನಿನ ಸಾಕ್ಷ್ಯಚಿತ್ರ ನಿರ್ದೇಶಕ ಒಗಾವಾ ಶಿನ್ಸುಕೆ. ತೋರಿಸುವ ಮುನ್ನ ಅವರು ತಾವೇ ಗದ್ದೆಗಿಳಿದರು.

ಅವರು ಮೊದಲು ಪಳಗಿದ್ದು ಪ್ರಚಾರಚಿತ್ರಗಳನ್ನು ತಯಾರಿಸುತ್ತಿದ್ದ ಇವಾನಾಮಿ ಸಂಸ್ಥೆಯಲ್ಲಿ. ಅದನ್ನು ತೊರೆದು ಸ್ವತಂತ್ರ ತಂಡ ಕಟ್ಟಿದರು. ಟೋಕಿಯೋ ಸಮೀಪದ ಸಾನ್ರಿಝುಕಾದಲ್ಲಿ ವಿಮಾನ ನಿಲ್ದಾಣ ನಿರ್ಮಿಸಲು ಸರಕಾರವು 1966ರಲ್ಲಿ ನಿರ್ಧರಿಸಿದಾಗ ಅಲ್ಲಿಯ ರೈತರು ಭೂಮಿ ಬಿಡಲೊಲ್ಲೆವೆಂದರು. ಒಗಾವಾ ತಂಡ ಅವರ ನಡುವೆಯೇ ನೆಲೆಸಿ 1968ರಿಂದ ಸಾಲಾಗಿ ಚಿತ್ರಗಳನ್ನು ತೆಗೆಯಿತು. 1971ರ ಚಿತ್ರದಲ್ಲಿ ಹೆಣ್ಣುಮಕ್ಕಳು ಮರಗಳಿಗೆ ತಮ್ಮನ್ನು ಸರಪಳಿಯಿಂದ ಬಿಗಿದುಕೊಂಡು ನಿಂತಿದ್ದಾರೆ. 1973ರ 'ಹೆತಾ ಗ್ರಾಮ'ದಲ್ಲಾದರೋ ಘರ್ಷಣೆ ಹಿಂದೆ ಸರಿದು, ಹಿರಿಯರ ಮಾತು ನಡುವೆ ಕತ್ತರಿ ಬೀಳದೆ ಸಾವಕಾಶವಾಗಿ ಹರಿಯುತ್ತದೆ. ಅವರ ಶೈಲಿ ಪಕ್ವವಾದದ್ದು ಇಲ್ಲಿಯೇ ಎಂದು ನನ್ನ ಎಣಿಕೆ.

ಬಳಿಕ ತಂಡವು ಉತ್ತರದ ಯಾಮಾಗಾತಾ ಪ್ರಾಂತದ ಮಾಗಿನೋ ಹಳ್ಳಿಗೆ ಹೋಗಿ ಹತ್ತು ವರ್ಷಕ್ಕೂ ಮಿಕ್ಕಿ ಬಾಳಿತು. ಬಿತ್ತಿತು, ಕಳೆ ಕಿತ್ತಿತು, ಮಣ್ಣನ್ನು ಪರೀಕ್ಷಿಸಿತು. ಎಂಟೇ ಮನೆಗಳು ಉಳಿದಿದ್ದ ಫುರುಯಾಶಿಕಿ ಎಂಬ ಬೆಟ್ಟದ ಹಳ್ಳಿಯಲ್ಲಿ ಶೀತದಿಂದ ಭತ್ತ ಜೊಳ್ಳಾದಾಗ, ನೆಲದ ಮಾದರಿಯೊಂದನ್ನು ರಚಿಸಿ ತಣ್ಣನೆಯ ಗಾಳಿ ಯಾವ ದಾರಿಯಲ್ಲಿ ಇಳಿಯುತ್ತದೆಂದು ತೋರಿಸಿತು. ಮೂರೂವರೆ ತಾಸಿನ ಆ ಚಿತ್ರ 1982ರದು. ಅದರ ಉತ್ತರಾರ್ಧದಲ್ಲಿ ಇದ್ದಿಲು ಸುಟ್ಟವರು, ರೇಷ್ಮೆಹುಳು ಸಾಕಿದವರು, ಯುದ್ಧಕ್ಕೆ ಹೋಗಿ ಬಂದವರು ಮಾತನಾಡುತ್ತಾರೆ. ಹೂವಿನ ದೃಶ್ಯವಿರುವ ಮಾಗಿನೋ ಚಿತ್ರಕ್ಕೆಂದು 1987ರಲ್ಲಿ ಕ್ಯೋಟೋ ನಗರದಲ್ಲಿ ಪ್ರತ್ಯೇಕ ಚಿತ್ರಮಂದಿರವನ್ನೇ ಕಟ್ಟಿದರು! ಅದರಲ್ಲಿ ಊರ ಹಳೆಯ ಕಥೆಗಳನ್ನು ಊರವರೇ ನಟಿಸಿದ್ದಾರೆ.

ಇಷ್ಟು ಹೇಳಿ ನಿಲ್ಲಿಸಿದರೆ ಅರ್ಧಸತ್ಯವಾದೀತು. ತಂಡದವರಿಗೆ ಸಂಬಳವೆಂಬುದು ಇರಲಿಲ್ಲವೆಂದರೂ ಸರಿ. ಅಷ್ಟು ಜನರ ಅಡುಗೆಯ ಭಾರವನ್ನು ಹೆಂಗಸರು ಹೊತ್ತರು. ಕೀರ್ತಿ ಮಾತ್ರ ಒಬ್ಬರ ಹೆಸರಿಗೆ ಸಂದಿತು. ತನ್ನ ಆಯುಷ್ಯವನ್ನು ಒಂದು ಕೆಲಸಕ್ಕೆ ಮುಡಿಪಿಡುವುದು ಬೇರೆ, ಸಂಗಡಿಗರ ಆಯುಷ್ಯವನ್ನೂ ಅದಕ್ಕೆ ತೊಡಗಿಸುವುದು ಬೇರೆ. 1992ರಲ್ಲಿ ಒಗಾವಾ ತೀರಿಕೊಂಡಾಗ ಉಳಿದ ದೊಡ್ಡ ಸಾಲ ಪತ್ನಿಯ ತಲೆಯ ಮೇಲೆ ಬಂತು.

ಆ ಸೀಮೆಯ ರೈತರು ಪರ್ಸಿಮನ್ ಹಣ್ಣನ್ನು ಸುಲಿದು, ನೇತುಹಾಕಿ ಒಣಗಿಸುವ ಬಗೆಯನ್ನು ಕುರಿತ ಅವರ ಚಿತ್ರವೊಂದು ಅಪೂರ್ಣವಾಗಿ ಉಳಿದಿತ್ತು. ಚೀನದ ನಿರ್ದೇಶಕಿ ಪೆಂಗ್ ಶಿಯಾಲಿಯನ್ ಅದೇ ಊರಿಗೆ ಬಂದು ಉಳಿದ ಭಾಗವನ್ನು ಚಿತ್ರೀಕರಿಸಿ, 2001ರಲ್ಲಿ ಅದನ್ನು ಪೂರ್ಣಗೊಳಿಸಿದರು.