ಕಪ್ಪೆಯ ಮೌನವ್ರತ

ಕೂಪಮಂಡೂಕವೆಂಬ ಮಾತು ಸಂಸ್ಕೃತದಿಂದ ನಮ್ಮ ನುಡಿಗೆ ಬಂದು ಬೈಗುಳಾಗಿ ನೆಲೆನಿಂತಿದೆ. ಅರಿವು ಕಿರಿದಾದವನನ್ನು ಬಾವಿಯ ಕಪ್ಪೆಯೆಂದು ಹಳಿಯುವುದು ತರಗತಿಯಲ್ಲಿ ನಾನೂ ಮಾಡುತ್ತಿದ್ದ ಕೆಲಸವೇ. ಕಳೆದ ಬೇಸಗೆಯಲ್ಲಿ ಹುಲಿಹೈದರದ ಒಂದು ಹೊಲದಲ್ಲಿ ಕಂಡ ನೋಟದ ಅನಂತರ ಆ ಮಾತನ್ನಾಡಲು ನಾಲಗೆ ಹಿಂಜರಿಯುತ್ತಿದೆ.

ಹುಲಿಹೈದರ ಕೊಪ್ಪಳ ಜಿಲ್ಲೆಯ ಊರು. ಹಿಂದೆ ಗಂಗಾವತಿ ತಾಲ್ಲೂಕಿಗೆ ಸೇರಿದ್ದುದು ಈಗ ಕನಕಗಿರಿಯದಕ್ಕೆ ಸೇರಿದೆ. ತುಂಗಭದ್ರೆಯ ಎಡದಂಡೆಯ ಕಾಲುವೆ ಗಂಗಾವತಿಯ ಸುತ್ತ ಭತ್ತದ ಗದ್ದೆಗಳನ್ನು ಹಸುರಾಗಿಸಿದೆ. ಈ ಕಡೆಯ ಹೊಲಗಳಾದರೋ ಬಹುಮಟ್ಟಿಗೆ ಮುಗಿಲನ್ನೇ ನಂಬಿದಂಥವು. ಮಿತ್ರರೊಬ್ಬರ ತಂದೆಯವರು ಹೊಲದ ಬದುವನ್ನು ಸರಿಪಡಿಸುತ್ತಿದ್ದರು. ಗುದ್ದಲಿಯ ಏಟಿಗೆ ಮೊಣಕೈಯಾಳದಿಂದ ಮಣ್ಣಿನ ಹೆಂಟೆಯೊಂದು ಎದ್ದು ಬಂತು. ಹೆಂಟೆಯಲ್ಲ, ಕಪ್ಪೆ. ಕಣ್ಣು ಮುಚ್ಚಿ, ಕಾಲುಗಳನ್ನು ಹೊಟ್ಟೆಯಡಿ ಮಡಿಸಿ, ಉಂಡೆಯಾಗಿ ಕುಳಿತಿತ್ತು. ಸತ್ತಿದೆಯೆಂದು ನಾನು ಮರುಗಿದೆ. ಹಿರಿಯರು ನಕ್ಕು, “ಸತ್ತಿಲ್ರೀ ಸರ್ರ, ಮಕ್ಕೊಂಡೈತಿ. ಮಣ್ಣು ಮುಚ್ಚಿಬಿಡೂಣು” ಎಂದರು, ಮುಚ್ಚಿಯೂ ಬಿಟ್ಟರು.

ಋಗ್ವೇದದ ಏಳನೆಯ ಮಂಡಲದ ನೂರಮೂರನೆಯ ಸೂಕ್ತ ಕಪ್ಪೆಗಳನ್ನು ಕುರಿತದ್ದು. ವರ್ಷವಿಡೀ ಮೌನವಾಗಿ ಮಲಗಿದ್ದ ಕಪ್ಪೆಗಳನ್ನು ಅಲ್ಲಿ ವ್ರತಸ್ಥರಾದ ಬ್ರಾಹ್ಮಣರಿಗೆ ಹೋಲಿಸಿದೆ. ಬತ್ತಿದ ಕೆರೆಯಲ್ಲಿ ಬಿದ್ದ ಕಪ್ಪೆಗೆ ಒಣಗಿದ ತೊಗಲಚೀಲದ ಉಪಮೆಯಿದೆ. ಅದು ಪರಿಹಾಸವೋ ಪ್ರಾರ್ಥನೆಯೋ ಎಂದು ಪಂಡಿತರು ವಾದಿಸಿದ್ದಾರೆ. ಅದೇನೇ ಇರಲಿ, ತೊಗಲಚೀಲವೆಂದ ಋಷಿಯ ಕಣ್ಣು ಮಾತ್ರ ಚುರುಕಾದುದು. ಕಪ್ಪೆಯ ಬಾಳೆಲ್ಲ ಅದರ ತೊಗಲಿನಲ್ಲಿಯೇ ಇದೆ.

ಕಪ್ಪೆ ಬಾಯಿಂದ ನೀರು ಕುಡಿಯುವುದಿಲ್ಲವೆಂದರೆ ವಾಚಕರಿಗೆ ಅಚ್ಚರಿಯಾದೀತು. ಹೊಟ್ಟೆಯ ಕೆಳಭಾಗದ ಮತ್ತು ತೊಡೆಯ ತೆಳುವಾದ ಚರ್ಮವನ್ನು ಒದ್ದೆ ನೆಲಕ್ಕೆ ಒತ್ತಿ ಕುಳಿತರಾಯಿತು, ನೀರು ಒಳಕ್ಕಿಳಿಯುತ್ತದೆ. ಒಳಗೆ ಬಿಟ್ಟ ಬಾಗಿಲೇ ಹೊರಗೂ ಬಿಡುತ್ತದೆಯಷ್ಟೆ. ಬಿಸಿಲಿನಲ್ಲಿ ಅದೇ ಚರ್ಮದಿಂದ ನೀರು ಆವಿಯಾಗಿ ಹೋಗುತ್ತದೆ. ಇಂಥ ಮೈಯನ್ನು ಹೊತ್ತು ಬಯಲುಸೀಮೆಯ ಚೈತ್ರ ವೈಶಾಖಗಳನ್ನು ದಾಟುವುದು ಹೇಗೆ?

ಮೊದಲನೆಯ ಉಪಾಯ ನೆಲವನ್ನು ಹೊಗುವುದು. ನಮ್ಮ ಬಯಲಿನ ಬಿಲಗಪ್ಪೆಗಳ ಹಿಂಗಾಲಿನ ಅಡಿಯಲ್ಲಿ ಸಲಿಕೆಯಂಥ ಗಟ್ಟಿಯಾದ ಗಂಟೊಂದಿರುತ್ತದೆ. ಅದರಿಂದ ಮಣ್ಣನ್ನು ಸರಿಸುತ್ತ ಕಪ್ಪೆ ಹಿಮ್ಮುಖವಾಗಿ ಇಳಿಯುತ್ತದೆ; ಮುಖ ಬಂದ ದಾರಿಯ ಕಡೆಗೇ ಇರುತ್ತದೆ. ಎರಡನೆಯದು ವೆಚ್ಚವನ್ನು ತಗ್ಗಿಸುವುದು. ಆಸ್ಟ್ರೇಲಿಯಾದ ಮರುಭೂಮಿಯ ಕಪ್ಪೆಗಳನ್ನು ಪರೀಕ್ಷಿಸಿದವರು, ಈ ಗ್ರೀಷ್ಮನಿದ್ರೆಯಲ್ಲಿ ಅವುಗಳ ಪ್ರಾಣವಾಯುವಿನ ಬಳಕೆ ಸಾಮಾನ್ಯ ವಿಶ್ರಾಂತಿಯಲ್ಲಿದ್ದಾಗಿನ ಮೂರರಲ್ಲೊಂದು ಪಾಲಿಗಿಂತಲೂ ಕೆಳಗಿಳಿಯುತ್ತದೆಂದು ಕಂಡಿದ್ದಾರೆ. ಅವು ತಮ್ಮದೇ ಕಳಚಿದ ಚರ್ಮದ ಪದರಗಳನ್ನು ಒಂದರ ಮೇಲೊಂದು ಹೊದ್ದು ಒಣಗೂಡೊಂದನ್ನು ಕಟ್ಟಿಕೊಳ್ಳುವುದೂ ಉಂಟು. ಮೂತ್ರಕೋಶವೇ ಅವುಗಳ ನೀರಿನ ತೊಟ್ಟಿ. ಮೈತೂಕದ ಕಾಲುಭಾಗಕ್ಕೂ ಮೀರಿದ ತಿಳಿನೀರನ್ನು ಅಲ್ಲಿ ತುಂಬಿಟ್ಟು ಬೇಕಾದಾಗ ರಕ್ತಕ್ಕೆ ಹಿಂದಕ್ಕೆಳೆದುಕೊಳ್ಳುತ್ತವೆ. ಆ ಸೀಮೆಯ ಮೂಲನಿವಾಸಿಗಳು ಬಾಯಾರಿದಾಗ ಇಂಥ ಕಪ್ಪೆಯನ್ನು ಅಗೆದು ಹಿಂಡಿ ನೀರು ಕುಡಿಯುತ್ತಿದ್ದರು. ತೊಗಲಚೀಲದ ಉಪಮೆ ಅಲ್ಲಿ ಉಪಮೆಯಾಗಿ ಉಳಿಯಲಿಲ್ಲ!

ಅಮೆರಿಕೆಯ ಮರುನೆಲದ ಸಲಿಕೆಗಾಲಿನ ಕಪ್ಪೆಯ ಉಪಾಯ ಇನ್ನೂ ಸೂಕ್ಷ್ಮವಾದುದು. ಉಪ್ಪು ಸವರಿದ ಮಾವಿನ ಹೋಳು ನೀರು ಬಿಡುವುದನ್ನು ನಮ್ಮ ಮನೆಯ ಹೆಂಗಸರೆಲ್ಲ ಬಲ್ಲರು: ಸಾಂದ್ರತೆ ಹೆಚ್ಚಿದ್ದ ಕಡೆಗೆ ನೀರು ಹರಿಯುತ್ತದೆ. ಕಪ್ಪೆ ಇದನ್ನು ತಿರುಗುಮುರುಗು ಮಾಡುತ್ತದೆ. ವಿಸರ್ಜಿಸಬೇಕಾದ ಯೂರಿಯಾವನ್ನು ಹೊರಗೆ ಬಿಡದೆ ಮೈಯ ದ್ರವಗಳಲ್ಲಿಯೇ ಸಂಗ್ರಹಿಸುತ್ತದೆ. ಆಗ ಆರುತ್ತಿರುವ ಮಣ್ಣು ಕಪ್ಪೆಯಿಂದ ನೀರನ್ನು ಕಸಿಯಲಾರದು. ಕಪ್ಪೆಯೇ ಮಣ್ಣಿನ ಉಳಿದ ಪಸೆಯನ್ನು ಹೀರುತ್ತದೆ. ಇದು ಒಕ್ಕಲಿಗರು ಚೀಲದಲ್ಲಿ ತರುವ ಯೂರಿಯಾವೇ, ಬೇರೆಯಲ್ಲ. ಗೊದಮೊಟ್ಟೆಯಾಗಿದ್ದಾಗ ಇದೇ ಜೀವ ತನ್ನ ಕಶ್ಮಲವನ್ನು ಅಮೋನಿಯಾದ ರೂಪದಲ್ಲಿ ಬಿಡುತ್ತಿತ್ತು. ಅಮೋನಿಯಾ ವಿಷ, ಸುತ್ತ ನೀರಿದ್ದರೆ ಕರಗಿಹೋಗುತ್ತದೆ, ನೆಲದ ಮೇಲೆ ಅದು ಸಾಗದು. ಬಾಲ ಕರಗಿ ಕಾಲು ಮೂಡುವುದನ್ನು ನಾವೆಲ್ಲ ಬಾಲ್ಯದಲ್ಲಿ ನೋಡಿದ್ದೇವೆ. ಅದೇ ದಿನಗಳಲ್ಲಿ ಒಳಗಿನ ರಸಾಯನವೂ ಬದಲಾಗುತ್ತದೆಂಬುದು ಕಣ್ಣಿಗೆ ಕಾಣದ ರೂಪಾಂತರ.

ಬೆನ್ನೆಲುಬುಳ್ಳ ಇತರ ಪ್ರಾಣಿಗಳು ಈ ಲೆಕ್ಕವನ್ನು ಬೇರೆ ಬೇರೆ ಬಗೆಯಲ್ಲಿ ಬಿಡಿಸಿವೆ. ಬೇಲಿಯ ಓತಿಕ್ಯಾತ ಮತ್ತು ಹಕ್ಕಿಗಳು ಕಶ್ಮಲವನ್ನು ಯೂರಿಕ್ ಆಮ್ಲವಾಗಿ ಮಾಡಿ, ಬಹು ಸ್ವಲ್ಪ ನೀರಿನಲ್ಲಿ ಬಿಳಿಯ ಮುದ್ದೆಯಾಗಿ ಹೊರಹಾಕುತ್ತವೆ. ಹಕ್ಕಿಯ ಹಿಕ್ಕೆಯ ಸುಣ್ಣದಂಥ ಭಾಗ ಅದೇ. ಒಂಟೆಯ ಡುಬ್ಬದಲ್ಲಿರುವುದು ನೀರಲ್ಲ, ಕೊಬ್ಬು. ನಾರ್ವೆಯ ಮೂಲದ ಕ್ನೂಟ್ ಷ್ಮಿಟ್-ನೀಲ್ಸನ್ನರು 1950ರ ದಶಕದಲ್ಲಿ ಸಹಾರಾಕ್ಕೆ ಹೋಗಿ ಪರೀಕ್ಷಿಸಿದಾಗ, ನೀರಿಲ್ಲದ ಒಂಟೆಯ ಮೈಶಾಖ ಬೆಳಗಿನ 34 ಡಿಗ್ರಿಯಿಂದ ಹಗಲಿನಲ್ಲಿ 40 ಡಿಗ್ರಿ ಸೆಲ್ಸಿಯಸ್ ದಾಟುವುದು ಕಂಡುಬಂತು. ಬೆವರಿ ನೀರು ಕಳೆಯುವುದಕ್ಕಿಂತ ಜ್ವರ ಬಂದವರಂತೆ ಕಾದಿರುವುದೇ ಅದಕ್ಕೆ ಲಾಭ. ಒಂಟೆಯವರೆಗೆ ಹೋಗಬೇಕಿಲ್ಲ. ಹುಲಿಹೈದರದ ಮಧ್ಯಾಹ್ನದಲ್ಲಿ ಕುರಿಹಿಂಡು ಒಂದರ ಹೊಟ್ಟೆಯಡಿ ಒಂದು ತಲೆ ತೂರಿಸಿ ಏದುಸಿರು ಬಿಡುತ್ತ ನಿಂತಿರುತ್ತದೆ. ಮೂಗಿನಲ್ಲಿ ತಂಪಾದ ರಕ್ತ ಹಿಂದಿರುಗುವ ದಾರಿಯಲ್ಲಿ, ಮೆದುಳಿಗೆ ಹೋಗುವ ಬಿಸಿರಕ್ತ ಸೂಕ್ಷ್ಮ ನಾಳಗಳ ಬಲೆಯೊಂದನ್ನು ಹಾಯ್ದು ತಣಿಯುತ್ತದೆ. ಕುರಿಗೆ ಬುದ್ಧಿಯಿಲ್ಲವೆನ್ನುವವರು ಅದು ತನ್ನ ತಲೆಯನ್ನು ತಂಪಾಗಿಟ್ಟುಕೊಳ್ಳುವ ಈ ಬಗೆಯನ್ನು ನೋಡಬೇಕು.

ಕಪ್ಪೆಗಳ ಅಧ್ಯಯನಕ್ಕೆ ಕನ್ನಡನಾಡು ಹೊರತಾದುದಲ್ಲ. ಬೆಂಗಳೂರಿನ ಸೆಂಟ್ರಲ್ ಕಾಲೇಜಿನ ಸಿ. ಆರ್. ನಾರಾಯಣರಾಯರು 1937ರಲ್ಲಿ ದಕ್ಷಿಣ ಭಾರತದ ಹಲವು ಹೊಸ ಕಪ್ಪೆಗಳನ್ನು ವರ್ಣಿಸಿದರು. 2010ರಲ್ಲಿ ಕಪ್ಪೆಗಳ ಒಂದು ಕುಲಕ್ಕೇ ಅವರ ನೆನಪಿನ ಹೆಸರಿಟ್ಟರು. ನಮ್ಮ ಸಾಹಿತ್ಯದ ವಿದ್ಯಾರ್ಥಿಗಳಿಗೆ ಈ ಹೆಸರು ತಿಳಿಯದು; ನನಗೂ ತೀರ ತಡವಾಗಿ ತಿಳಿಯಿತು. ಬೆಂಗಳೂರಿನ ಹೊರವಲಯದ ಬರಡು ನೆಲದಲ್ಲಿ ದೊರೆತ ಬಿಲಗಪ್ಪೆಯೊಂದಕ್ಕೆ 2020ರಲ್ಲಿ ಆ ನಗರದ ಹೆಸರನ್ನೇ ಕೊಟ್ಟಿದ್ದಾರೆ. ನಗರ ಬೆಳೆದು ನುಂಗುವ ಅಂಚಿನಲ್ಲಿಯೇ ಅದಕ್ಕೆ ನಾಮಕರಣವಾಯಿತು.

ಇಷ್ಟೆಲ್ಲ ಸಿದ್ಧತೆಯೂ ಒಂದು ಸಂಜ್ಞೆಯನ್ನು ನಂಬಿದೆ. ಮಳೆ ಬಂದುದು ನೆಲದೊಳಗಿನ ಕಪ್ಪೆಗೆ ತಿಳಿಯುವುದೆಂತು? ಅಮೆರಿಕೆಯ ಆ ಸಲಿಕೆಗಾಲಿನ ಕಪ್ಪೆಗಳ ಮೇಲೆ ನಡೆದ ಪ್ರಯೋಗದಲ್ಲಿ, ಮಳೆಯ ಬಡಿತವನ್ನು ಹೋಲುವ ಯಂತ್ರದ ಕಂಪನವೊಂದೇ ಸಾಕಾಯಿತು. ಮಣ್ಣು ಒಣಗಿದ್ದರೂ ಅವು ಮೇಲೆದ್ದು ಬಂದುವು. ಲಕ್ಷಾಂತರ ವರ್ಷಗಳಲ್ಲಿ ಕಲಿತ ಪಾಠದಲ್ಲಿ, ನೆಲ ನಡುಗಿದರೆ ಅದು ಮಳೆಯಲ್ಲದೆ ಮತ್ತೇನೂ ಆಗಿರಲಿಲ್ಲ. ಸುಳ್ಳು ಕರೆಗೆ ಓಗೊಟ್ಟು ಬಂದ ಕಪ್ಪೆಗೆ ಮೇಲೆ ಕಾದಿರುವುದು ಬಿಸಿಲು. ನಿಜದ ಕರೆಗೆ ಬಂದರೂ ಗೊದಮೊಟ್ಟೆಗಳು ಕಪ್ಪೆಗಳಾಗುವವರೆಗೆ, ಕೆಲವು ವಾರಗಳ ಕಾಲ, ನೀರು ನಿಲ್ಲುವ ತಗ್ಗೊಂದು ಬೇಕು. ಹೊಲದ ಮೂಲೆಯ ಅಂಥ ತಗ್ಗುಗಳನ್ನು ಮಣ್ಣು ತುಂಬಿಸಿ ಸಮಮಾಡುವುದು ಈಗ ಒಂದು ದಿನದ ಕೆಲಸ.

ಆ ರಾತ್ರಿ ಎರಡು ಹೊಲದಾಚೆ ಕೊಳವೆಬಾವಿ ಕೊರೆಯುವ ಲಾರಿ ಬಂದಿತ್ತು. ಬೆಳಗಿನ ಜಾವದವರೆಗೂ ನೆಲ ಗುಡುಗಿತು. ಅಂಗಳದಲ್ಲಿ ಮಲಗಿದ್ದ ನನಗೆ ಹೊರಸಿನ ಕಾಲುಗಳಲ್ಲಿಯೂ ಆ ನಡುಕ ತಿಳಿಯುತ್ತಿತ್ತು. ನಮ್ಮ ಬಿಲಗಪ್ಪೆಗೆ ಅದು ಮಳೆಯೆನಿಸೀತೋ ಹೇಗೋ ಎಂದು ನಿದ್ರೆ ಬರಲಿಲ್ಲ. ನಸುಕಿನಲ್ಲಿ ಎದ್ದು ನೋಡಿದರೆ ಹಿರಿಯರ ಹಾಸಿಗೆ ಬರಿದಾಗಿತ್ತು. ಸ್ವಲ್ಪ ಹೊತ್ತಿಗೆ ಹೊಲದ ಕಡೆಯಿಂದ ಬಂದು, ನಾನು ಕೇಳುವ ಮುನ್ನವೇ, “ಮಣ್ಣು ಒಡದಿಲ್ರೀ, ಇನ್ನೂ ಒಳಗೇ ಐತಿ” ಎಂದರು. ಕೊಳವೆಬಾವಿಯಲ್ಲಿ ನೀರು ಬಿದ್ದಿರಲಿಲ್ಲ.